ಲಗ್ನಪತ್ರಿಕೆ ಡಾಟ್ ಎಪಿಕೆ



ಲಗ್ನದ ಸೀಜನ್ನಿನ ಒಂದು ಸಂಜೆ. ಜೇವರ್ಗಿಯಲ್ಲಿ ನಮ್ಮ ಓಣಿಯ ಹುಡುಗನೊಬ್ಬ ಫೋನು ಹಿಡಿದುಕೊಂಡು ಬಂದು ನಮ್ಮ ಕಟ್ಟೆಯ ಮೇಲೆ ಕೂತ. "ಸರ್, ಆಳಂದದ ನಮ್ಮ ಮಾವ ಲಗ್ನದ ಕಾರ್ಡ್ ಕಳಸ್ಯಾರ. ತೆಗಿಲಾಕ ಹೋದ್ರ ಫೋನು ಏನೇನೋ ಕೇಳ್ತದ. ಹೂಂ ಅನ್ಲೋ, ಬ್ಯಾಡೋ?"

"ಯಾರ ಲಗ್ನಪ್ಪಾ?" ಅಂದೆ.

"ಅದು ತೆಗೆದ್ರಲ್ಲೇನ್ರಿ ಗೊತ್ತಾಗೋದು!"

ಮಾವನಿಗೆ ಇಬ್ಬರು ಹೆಣ್ಣುಮಕ್ಕಳು. ದೊಡ್ಡವಳು ಇನ್ನೂ ಏಳನೇ ಇಯತ್ತೆ. ಹಾಗಾದರೆ ಲಗ್ನ ಯಾರದು? ಫೋನು ಇಸಿದುಕೊಂಡು ನೋಡಿದೆ. ಹೆಸರು ಚೆನ್ನಾಗಿಯೇ ಇತ್ತು, ಲಗ್ನಪತ್ರಿಕೆ ಅಂತ. ಅದರ ಮುಂದೊಂದು ಚುಕ್ಕೆ. ಚುಕ್ಕೆಯ ಮುಂದೆ ಮೂರು ಇಂಗ್ಲಿಷ್ ಅಕ್ಷರ: ಎ, ಪಿ, ಕೆ. ಮಾವನಿಗೆ ಫೋನು ಹಚ್ಚಿಸಿದೆ. ಅವರು ಯಾವ ಕಾರ್ಡನ್ನೂ ಕಳಿಸಿರಲಿಲ್ಲ. ತಮ್ಮ ಫೋನಿನಿಂದ ಊರಿಗೆಲ್ಲ ಲಗ್ನದ ಕರೆ ಹೋಗಿದೆ ಎಂಬುದು ಅವರಿಗೆ ತಿಳಿದದ್ದೇ ಆಗ.

ನಾನು ಕನ್ನಡ ಕಲಿಸಿ ನಿವೃತ್ತನಾದವನು. ಕಂಪ್ಯೂಟರು ನನ್ನ ವಿಷಯವಲ್ಲ. ಆದರೂ ಫೈಲಿನ ಹೆಸರುಗಳ ಬಗ್ಗೆ ಮಾತಾಡಲು ಒಪ್ಪಿಕೊಂಡೆ, ಯಾಕೆಂದರೆ ಇದರಲ್ಲಿ ಅರ್ಧಕ್ಕಿಂತ ಹೆಚ್ಚು ಪಾಲು ವ್ಯಾಕರಣವೇ ಇದೆ. ನಾಯಿ, ಹುಡುಗ, ಕಚ್ಚು ಎಂಬ ಮೂರು ಮಾತು ಕೊಟ್ಟರೆ ಯಾರು ಯಾರನ್ನು ಕಚ್ಚಿದರೆಂದು ಹೇಳಲು ಬರುವುದಿಲ್ಲ. ನಾಯಿ ಹುಡುಗನನ್ನು ಅಂದಾಗ ಆ 'ಅನ್ನು' ಬಂದು ತೀರ್ಪು ಕೊಡುತ್ತದೆ. ಹುಡುಗ ನಾಯಿಯನ್ನು ಅಂದರೆ ಕತೆಯೇ ಬೇರೆ. ಕನ್ನಡದಲ್ಲಿ ಪದದ ತಲೆ ನೋಡಿದರೆ ಸಾಲದು, ಬಾಲ ನೋಡಬೇಕು. ಫೈಲಿನ ಹೆಸರಿಗೂ ಹಾಗೆಯೇ ಒಂದು ಪ್ರತ್ಯಯ ಇರುತ್ತದೆ. ಕೊನೆಯ ಚುಕ್ಕೆಯ ನಂತರ ಬರುವ ಮೂರು ನಾಲ್ಕು ಅಕ್ಷರಗಳೇ ಅದು.

ಜೆಪಿಜಿ ಅಂದರೆ ಫೋಟೊ. ಎಂಪಿ3 ಅಂದರೆ ಹಾಡು, ಎಂಪಿ4 ಅಂದರೆ ವಿಡಿಯೊ. ಪಿಡಿಎಫ್ ಅಂದರೆ ಓದುವ ಕಾಗದ. ಇವನ್ನು ನಾವು ತೆರೆಯುತ್ತೇವೆ, ನೋಡುತ್ತೇವೆ, ಕೇಳುತ್ತೇವೆ. ಎಪಿಕೆ ಬೇರೆ ಜಾತಿ. ಅದು ನೋಡುವ ವಸ್ತುವಲ್ಲ, ನಿಮ್ಮ ಫೋನಿನೊಳಗೆ ಬಂದು ಕೆಲಸ ಮಾಡುವ ಆಳು. ಆಂಡ್ರಾಯ್ಡ್ ಫೋನಿನ ಆ್ಯಪುಗಳೆಲ್ಲ ಆ ರೂಪದಲ್ಲೇ ಹುಟ್ಟುತ್ತವೆ, ಹಾಗಾಗಿ ಎಪಿಕೆ ಅಂದ ತಕ್ಷಣ ವಿಷ ಅಂತಲ್ಲ. ಆದರೆ ಲಗ್ನದ ಕಾರ್ಡು ಆಳಾಗಿ ಯಾಕೆ ಬರಬೇಕು? ಕಾರ್ಡು ಓದಲಿಕ್ಕೆ ನನ್ನ ಎಸ್ಸೆಮ್ಮೆಸ್ ನೋಡುವ ಅನುಮತಿ ಯಾಕೆ ಬೇಕು? ಅನುಮತಿ ಕೊಟ್ಟ ಮೇಲೆ ಬ್ಯಾಂಕಿನ ಒಟಿಪಿ ನಿಮಗಿಂತ ಮೊದಲು ಅದೇ ಓದುತ್ತದೆ. ಆಮೇಲೆ ನಿಮ್ಮ ಹೆಸರಿನಲ್ಲಿ ನಿಮ್ಮ ಬೀಗರಿಗೆ, ಗೆಳೆಯರಿಗೆ, ನಾಲ್ಕು ಗುಂಪಿಗೆ ಅದೇ ಕಾರ್ಡನ್ನು ಹಂಚುತ್ತದೆ. ಗೊತ್ತಿದ್ದವರಿಂದ ಬಂದಿದೆ ಎಂಬ ಧೈರ್ಯ ಇಲ್ಲಿ ಉಪಯೋಗಕ್ಕೆ ಬರುವುದಿಲ್ಲ. ಈ ಮೋಸ ಬರುವುದೇ ಗೊತ್ತಿದ್ದವರಿಂದ.

ಲಗ್ನಪತ್ರಿಕೆ ಒಂದೇ ಅಲ್ಲ. ಪಿಎಂ ಕಿಸಾನ್ ಡಾಟ್ ಎಪಿಕೆ ಅಂತ ಬರುತ್ತದೆ, ಆರ್‌ಟಿಒ ಚಲನ್ ಡಾಟ್ ಎಪಿಕೆ ಅಂತ ಬರುತ್ತದೆ. ವರ್ಷಕ್ಕೆ ಎರಡೆರಡು ಸಾವಿರದಂತೆ ಮೂರು ಕಂತು, ಒಟ್ಟು 6,000 ರೂಪಾಯಿ ಕೊಡುವ ಪಿಎಂ ಕಿಸಾನ್ ಯೋಜನೆ 2019ರಲ್ಲಿ ಶುರುವಾಯಿತು. ಕಂತು ತಡವಾದಾಗ ರೈತನ ಮನಸ್ಸು ಎಲ್ಲಿರುತ್ತದೆಂದು ಮೋಸಗಾರನಿಗೆ ಚೆನ್ನಾಗಿ ಗೊತ್ತು. ತೊಗರಿ ರಾಶಿಗೆ ಮುಂಚೆ ಕೈಯಲ್ಲಿ ಕಾಸಿಲ್ಲದ ದಿನ ನೋಡಿಯೇ 'ನಿಮ್ಮ ಕಂತು ತಡೆಹಿಡಿಯಲಾಗಿದೆ' ಅಂತ ಬರೆಯುತ್ತಾನೆ.

ಇನ್ನೊಂದು ಕಡೆಯಿಂದ ನೋಡಿ. ನಮ್ಮ ಜನ ಹೆದರುವುದು ಅರ್ಥವಾಗದ ಹೆಸರಿಗೆ. "ಸರ್, ಫೋನಿನ್ಯಾಗ ಏನೋ ವೈರಸ್ ಹೊಕ್ಕದ, ಹೆಸರೇ ಓದ್ಲಾಕ ಬರವಲ್ದು" ಅಂತ ಒಬ್ಬ ತಂದು ತೋರಿಸಿದ. ನೋಡಿದರೆ ಐಎಂಜಿ, ಗೀಟು, 20241230, ಗೀಟು, ಡಬ್ಲ್ಯುಎ0017, ಚುಕ್ಕೆ, ಜೆಪಿಜಿ. ಬಿಡಿಸಿ ಓದಿರಿ. ಐಎಂಜಿ ಅಂದರೆ ಇಮೇಜು, ಚಿತ್ರ. ನಡುವಿನ ಎಂಟು ಅಂಕಿ ತಾರೀಖು: 2024, ಹನ್ನೆರಡನೇ ತಿಂಗಳು, ಮೂವತ್ತನೇ ದಿನ. ಡಬ್ಲ್ಯುಎ ಅಂದರೆ ವಾಟ್ಸ್ಆ್ಯಪು. ಕೊನೆಯದು ಆ ದಿನದ ಕ್ರಮಸಂಖ್ಯೆ. 2024ರ ಡಿಸೆಂಬರ್ 30 ಅಂದರೆ ನಮ್ಮ ಎಳ್ಳ ಅಮಾವಾಸ್ಯೆ. ಹೊಲದಲ್ಲಿ ಚರಗ ಚೆಲ್ಲಿ, ಸಜ್ಜೆ ರೊಟ್ಟಿ, ಭಜ್ಜಿ, ಕಡಬು ಹರವಿಕೊಂಡು ಕೂತ ಫೋಟೊ ಅದು. ವೈರಸ್ಸು ಅಂತ ಆ ಮನುಷ್ಯ ಅಳಿಸಲು ಹೊರಟದ್ದು ತನ್ನ ಮೊಮ್ಮಕ್ಕಳು ಗುಡಿಸಲಿನ ಮುಂದೆ ಕೂತ ಚಿತ್ರವನ್ನು. ವಿಡ್ ಅಂತ ಶುರುವಾದರೆ ವಿಡಿಯೊ, ಪಿಟಿಟಿ ಅಂದರೆ ಒತ್ತಿ ಹಿಡಿದು ಮಾತಾಡಿ ಕಳಿಸಿದ ಧ್ವನಿ. ಹೆಸರಿಟ್ಟದ್ದು ಯಂತ್ರ, ಅದಕ್ಕೆ ನಮ್ಮಂತೆ ಮಾತು ಬೆಳೆಸುವ ಚಟ ಇಲ್ಲ.

ಹಳೆಯ ಫೈಲುಗಳ ಹೆಸರು ಅರ್ಧಕ್ಕೇ ಕತ್ತರಿಸಿದಂತೆ ಇರುವುದಕ್ಕೂ ಕಾರಣ ಇದೆ. ಡಾಸ್ ಎಂಬ ಹಳೆಯ ವ್ಯವಸ್ಥೆಯಲ್ಲಿ ಹೆಸರಿಗೆ ಎಂಟೇ ಅಕ್ಷರ, ಬಾಲಕ್ಕೆ ಮೂರೇ. 1995ರ ವಿಂಡೋಸ್ ಬಂದ ಮೇಲೆ ಉದ್ದ ಹೆಸರಿಡಲು ಬಂತು. ಆ ಮೂರಕ್ಷರದ ಬಾಲ ಮಾತ್ರ ಇಂದಿಗೂ ಉಳಿದಿದೆ.

ನನಗೆ ಬಹಳ ಹಿಡಿಸಿದ ಒಂದು ಸಂಗತಿ ಹೇಳುತ್ತೇನೆ. ಕನ್ನಡ ವಿಕಿಪೀಡಿಯದ ಒಂದು ಪುಟದ ವಿಳಾಸ ನಕಲು ಮಾಡಿ ಗೆಳೆಯರಿಗೆ ಕಳಿಸಿ ನೋಡಿರಿ. ಅಲ್ಲಿ ಕಲಬುರಗಿ ಅಂತ ಇದ್ದದ್ದು ಇಲ್ಲಿ ಬರುವಾಗ ಪರ್ಸೆಂಟ್ ಇ ಸೊನ್ನೆ, ಪರ್ಸೆಂಟ್ ಬಿ ಎರಡು, ಪರ್ಸೆಂಟ್ ಒಂಬತ್ತು ಐದು ಅಂತ ಮಂತ್ರದ ಹಾಗೆ ಸಾಲು ಹಿಡಿಯುತ್ತದೆ. ಗೆಳೆಯ ಹೆದರಿ ಫೋನು ಮಾಡುತ್ತಾನೆ. ಹೆದರುವಂಥದು ಏನೂ ಇಲ್ಲ, ಅದು ನಮ್ಮ 'ಕ' ಅಕ್ಷರ. ವಿಳಾಸದ ಸಾಲಿನಲ್ಲಿ ಇಂಗ್ಲಿಷ್ ಅಕ್ಷರ, ಅಂಕಿ, ಕೆಲವು ಗುರುತಿಗೆ ಮಾತ್ರ ಜಾಗ ಇಟ್ಟದ್ದರಿಂದ ಕನ್ನಡದ ಪ್ರತಿ ಗುರುತು ಒಂಬತ್ತು ಗುರುತಿನ ವೇಷ ಹಾಕಿಕೊಳ್ಳಬೇಕು. ಕಲಬುರಗಿಯಲ್ಲಿ ಕ, ಲ, ಬ, ಕೊಂಬು, ರ, ಗ, ಗುಡಿಸು ಸೇರಿ ಏಳು. ಏಳೊಂಬತ್ತಲೆ ಅರವತ್ತಮೂರು. ಒಂದು ಊರಿನ ಹೆಸರಿಗೆ ಅರವತ್ತಮೂರು ಗುರುತು! ಮುಂದೆಂದಾದರೂ ಪರ್ಸೆಂಟ್ ಇ ಸೊನ್ನೆ, ಪರ್ಸೆಂಟ್ ಬಿ ಎರಡು ಅಂತ ಕಂಡರೆ, ಅದು ಕನ್ನಡವೇ, ಹೊರಗಿನ ಊಟಕ್ಕೆ ಸೂಟು ಬೂಟು ಹಾಕಿ ಹೊರಟಿದೆ ಅಂದುಕೊಳ್ಳಿ.

ಇದೆಲ್ಲ ಓದುವುದು ನಮಗೆಲ್ಲಿ ಬರಬೇಕು ಅನ್ನುವವರಿಗೆ ನನ್ನದೊಂದು ಪ್ರಶ್ನೆ. ನಿಮ್ಮ ಹೊಲದ ಪಹಣಿ ಓದುತ್ತೀರೋ ಇಲ್ಲವೋ? 84, ಗೀಟು, ನಕ್ಷತ್ರ, ಗೀಟು, 2 ಅಂತ ಇರುತ್ತದೆ. ಪರಸ್ಥಳದವರಿಗೆ ಅದೂ ಒಗಟೇ. ನಮ್ಮ ರೈತ ಕಣ್ಣು ಹಾಯಿಸಿ ಸರ್ವೆ ನಂಬರು 84, ಹಿಸ್ಸಾ 2, ಬದುವಿನ ಆಚೆ ಅಣ್ಣನದು ಅಂತ ಹೇಳುತ್ತಾನೆ. ಗೀಟು ತಪ್ಪಿದ್ದರೆ ತಹಶೀಲ ಕಚೇರಿಗೆ ಹತ್ತು ಸಲ ಅಡ್ಡಾಡುತ್ತಾನೆ. ಅಷ್ಟು ಸೂಕ್ಷ್ಮ ಓದುವ ಕಣ್ಣಿಗೆ ಎಪಿಕೆ ಕಾಣುವುದಿಲ್ಲ ಅಂದರೆ ನಾನು ನಂಬುವುದಿಲ್ಲ. ನಾವು ನೋಡುವುದಿಲ್ಲ, ಅಷ್ಟೇ.

ಬಾಲ ಅಡಗಿಸುವ ಕಲೆಯೂ ಹಳೆಯದು. 2000ದ ಮೇ ತಿಂಗಳಲ್ಲಿ ಫಿಲಿಪ್ಪೀನ್ಸ್ ದೇಶದಿಂದ ಹೊರಟ ಒಂದು ಇ-ಮೇಲ್ ಜಗತ್ತಿನ ಲಕ್ಷಾಂತರ ಕಂಪ್ಯೂಟರುಗಳನ್ನು ಕೆಡಿಸಿತು. ವಿಷಯ 'ಐ ಲವ್ ಯು'. ಜೊತೆಗಿದ್ದ ಫೈಲಿನ ಹೆಸರು ಲವ್ ಲೆಟರ್ ಫಾರ್ ಯು ಡಾಟ್ ಟಿಎಕ್ಸ್‌ಟಿ ಡಾಟ್ ವಿಬಿಎಸ್. ಎರಡು ಬಾಲ! ಮೊದಲನೆಯದು ಸಾದಾ ಬರಹದ್ದು, ಎರಡನೆಯದು ಕೆಲಸ ಮಾಡುವ ಆಳಿನದು. ವಿಂಡೋಸ್ ಕೊನೆಯ ಬಾಲವನ್ನು ಮರೆಮಾಡಿ ತೋರಿಸುತ್ತಿದ್ದುದರಿಂದ ಜನರಿಗೆ ಕಂಡದ್ದು ಬರೀ ಪ್ರೇಮಪತ್ರ. ತೆರೆದ ಕೂಡಲೇ ಅದು ಆ ಮನುಷ್ಯನ ವಿಳಾಸಪುಸ್ತಕದಲ್ಲಿದ್ದವರಿಗೆಲ್ಲ ಅವನ ಹೆಸರಿನಲ್ಲೇ ಪ್ರೇಮಪತ್ರ ಕಳಿಸಿತು. ಬರೆದವನು ಸಿಕ್ಕ, ಆದರೆ ಶಿಕ್ಷಿಸಲು ಆಗ ಆ ದೇಶದಲ್ಲಿ ಕಾನೂನೇ ಇರಲಿಲ್ಲ. ನಮ್ಮ ಮಾಹಿತಿ ತಂತ್ರಜ್ಞಾನ ಕಾಯ್ದೆ ಜಾರಿಗೆ ಬಂದದ್ದೂ ಅದೇ ವರ್ಷದ ಅಕ್ಟೋಬರಿನಲ್ಲಿ. ಅಂದು ಪ್ರೇಮಪತ್ರ, ಇಂದು ಲಗ್ನಪತ್ರ. ಇಪ್ಪತ್ತೈದು ವರ್ಷದಲ್ಲಿ ಕಳ್ಳನೂ ಸಂಸಾರಿಯಾದ ಅನ್ನಬೇಕು. ಇವತ್ತಿಗೂ ಆಮಂತ್ರಣ ಡಾಟ್ ಪಿಡಿಎಫ್ ಡಾಟ್ ಎಪಿಕೆ ಅಂತ ಬಂದರೆ ನಡುವಿನ ಪಿಡಿಎಫ್‌ಗೆ ಬೆಲೆ ಕೊಡಬೇಡಿ.

ಈಗ ಲಿಂಕಿಗೆ ಬರೋಣ. ಅಲ್ಲಿಯೂ ಓದುವ ಕ್ರಮವೇ ಮುಖ್ಯ. ನಾವು ಕಾಗದದ ಮೇಲೆ ವಿಳಾಸ ಹೇಗೆ ಬರೆಯುತ್ತೇವೆ? ಮೊದಲು ಹೆಸರು, ಆಮೇಲೆ ಮು.ಪೋ. ಇಂಥ ಊರು, ತಾ. ಅಫಜಲಪುರ, ಜಿ. ಕಲಬುರಗಿ. ಚಿಕ್ಕದರಿಂದ ದೊಡ್ಡದಕ್ಕೆ. ಅಂಚೆಯವರು ಓದುವುದು ತಿರುಗಾಮುರುಗಾ, ಮೊದಲು ಜಿಲ್ಲೆ, ಆಮೇಲೆ ತಾಲ್ಲೂಕು, ಕೊನೆಗೆ ಮನೆ. ಅಂತರ್ಜಾಲದ ವಿಳಾಸವನ್ನೂ ಅಂಚೆಯವನ ಹಾಗೆ ಹಿಂದಿನಿಂದ ಓದಬೇಕು. ಎಚ್‌ಟಿಟಿಪಿಎಸ್ ಆದ ಮೇಲೆ ಎರಡು ಓರೆಗೀಟು ಬರುತ್ತವೆ, ಬಿಡಿ. ಮುಂದೆ ಎಲ್ಲಿ ಮೊದಲ ಒಂಟಿ ಓರೆಗೀಟು ಬರುತ್ತದೋ ಅಲ್ಲಿಗೆ ವಿಳಾಸ ಮುಗಿಯಿತು. ಅದರ ಆಚೆ ಇರುವುದೆಲ್ಲ ಮನೆಯೊಳಗಿನ ಕೋಣೆ, ಅಲ್ಲಿ ಏನು ಬೇಕಾದರೂ ಬರೆಸಬಹುದು. ಆ ಗೀಟಿನ ಈಚೆ ಇರುವ ಕೊನೆಯ ಎರಡು ಮೂರು ತುಂಡುಗಳೇ ನಿಮ್ಮ ತಾಲ್ಲೂಕು, ಜಿಲ್ಲೆ.

ಪಿಎಂಕಿಸಾನ್ ಡಾಟ್ ಜಿಒವಿ ಡಾಟ್ ಇನ್ ಎಂಬುದು ಸರ್ಕಾರದ ಮನೆ. ಜಿಒವಿ ಡಾಟ್ ಇನ್ ಜಿಲ್ಲೆಯಲ್ಲಿ ಸರ್ಕಾರವನ್ನು ಬಿಟ್ಟು ಬೇರೆಯವರಿಗೆ ಜಾಗ ಇಲ್ಲ. ಕಲಬುರಗಿ ತೊಗರಿಗೆ 2019ರಲ್ಲಿ ಜಿಐ ಎಂಬ ಭೌಗೋಳಿಕ ಗುರುತು ಸಿಕ್ಕ ಮೇಲೆ ಎಲ್ಲಿಯದೋ ತೊಗರಿಗೆ ಆ ಹೆಸರು ಹಚ್ಚುವಂತಿಲ್ಲ ನೋಡಿ, ಅಂಥದ್ದೇ ಕಾವಲು ಇದು. ಹಾಗಾಗಿ ಮೋಸಗಾರ ಏನು ಮಾಡುತ್ತಾನೆ? ಚುಕ್ಕೆಯ ಜಾಗದಲ್ಲಿ ಅಡ್ಡಗೀಟು ಇಡುತ್ತಾನೆ. ಪಿಎಂಕಿಸಾನ್ ಅಡ್ಡಗೀಟು ಜಿಒವಿ ಅಡ್ಡಗೀಟು ಇನ್ ಅಂತ ಉದ್ದಕ್ಕೆ ಬರೆದು, ಕೊನೆಗೆ ಚುಕ್ಕೆ ಇಟ್ಟು ಎಕ್ಸ್‌ವೈಝಡ್ ಅನ್ನುತ್ತಾನೆ. ಸೊಲ್ಲಾಪುರದಲ್ಲಿ ಮನೆ ಕಟ್ಟಿ 'ಕಲಬುರಗಿ ನಿವಾಸ' ಅಂತ ಹಲಗೆ ಹಾಕಿದ ಹಾಗೆ. ಹಲಗೆ ಯಾರು ಬೇಕಾದರೂ ಹಾಕಬಹುದು, ಜಿಲ್ಲೆ ಬದಲಾಗುವುದಿಲ್ಲ.

ಬ್ಯಾಂಕುಗಳಿಗೂ ಈಗ ಇಂಥದೊಂದು ಜಿಲ್ಲೆ ಆಗಿದೆ. ಎಲ್ಲ ಬ್ಯಾಂಕುಗಳೂ 2025ರ ಅಕ್ಟೋಬರ್ 31ರೊಳಗೆ ತಮ್ಮ ವಿಳಾಸವನ್ನು ಡಾಟ್ ಬ್ಯಾಂಕ್ ಡಾಟ್ ಇನ್‌ಗೆ ಬದಲಿಸಬೇಕೆಂದು ರಿಸರ್ವ್ ಬ್ಯಾಂಕು ಹೇಳಿತು. ಬ್ಯಾಂಕಿನ ಹೆಸರಿನಲ್ಲಿ ಬಂದ ಲಿಂಕಿನ ಕೊನೆಗೆ ಅದು ಇಲ್ಲದಿದ್ದರೆ ಒತ್ತಬೇಡಿ, ಶಾಖೆಗೆ ಹೋಗಿ ಕೇಳಿ.

ಹಲಗೆಯ ಮಾತು ಬಂತು, ಗಾಣಗಾಪುರದ ಮಾತು ಹೇಳಲೇಬೇಕು. ಭೀಮಾ, ಅಮರ್ಜಾ ಕೂಡುವ ಜಾಗ, ಅಫಜಲಪುರ ತಾಲ್ಲೂಕು. ಮಹಾರಾಷ್ಟ್ರದಿಂದ, ಆಂಧ್ರದಿಂದ ದತ್ತನ ಭಕ್ತರು ಬರುತ್ತಾರೆ. ಬರಲಾಗದವರು ಮನೆಯಲ್ಲೇ ಕೂತು ಫೋನಿನಲ್ಲಿ ಸೇವೆ ಬರೆಸುತ್ತಾರೆ. 2025ರಲ್ಲಿ ಅಲ್ಲಿನ ದತ್ತ ದೇವಸ್ಥಾನದ ಹೆಸರಿನಲ್ಲಿ ಹಲವು ನಕಲಿ ಜಾಲತಾಣ ತೆರೆದು ಸೇವೆಯ ದುಡ್ಡು ಖಾಸಗಿ ಖಾತೆಗೆ ಹಾಕಿಸಿಕೊಂಡಿದ್ದಾರೆ ಎಂದು ಪೊಲೀಸರಲ್ಲಿ ಪ್ರಕರಣ ದಾಖಲಾಯಿತು. ಮೊತ್ತ ಸುಮಾರು 20 ಕೋಟಿ ರೂಪಾಯಿ ಎಂಬುದು ಆರೋಪ. ತಪ್ಪು ಯಾರದೆಂದು ನ್ಯಾಯಾಲಯ ಹೇಳಲಿ. ಭಕ್ತರನ್ನು ನಾನು ದಡ್ಡರು ಅನ್ನಲಾರೆ. ಪುಣೆಯಲ್ಲಿ ಕೂತ ಮುದುಕಿಗೆ ಪರದೆಯ ಮೇಲೆ ದತ್ತನ ಪಾದುಕೆ ಕಂಡಿತು, ಕೈ ಮುಗಿದಳು, ದುಡ್ಡು ಹಾಕಿದಳು. ದೇವರ ಚಿತ್ರದ ಕೆಳಗಿನ ವಿಳಾಸವನ್ನು ಹಿಂದಿನಿಂದ ಓದಬೇಕೆಂದು ಅವಳಿಗೆ ಹೇಳಿಕೊಟ್ಟವರು ಯಾರು?

ಆಳಂದದ್ದೂ ಹೆಸರಿನದೇ ಪ್ರಕರಣ. ಅದರ ರಾಜಕೀಯ ನಮಗೆ ಬೇಡ, ಲೆಕ್ಕ ಮಾತ್ರ ಕೇಳಿ. 2023ರ ವಿಧಾನಸಭೆ ಚುನಾವಣೆಗೆ ಮುಂಚೆ ಆಳಂದ ಕ್ಷೇತ್ರದ ಮತದಾರರ ಪಟ್ಟಿಯಿಂದ ಹೆಸರು ತೆಗೆಯಿರಿ ಅಂತ ಆನ್‌ಲೈನಿನಲ್ಲಿ 6,018 ಅರ್ಜಿ ಬಂದವು. ಪರಿಶೀಲಿಸಿದಾಗ ಸರಿಯಿದ್ದವು 24. ಉಳಿದ 5,994 ತಿರಸ್ಕೃತ. ತಮ್ಮ ಹೆಸರಿನಲ್ಲಿ ಅರ್ಜಿ ಹೋಗಿರುವುದೇ ಗೊತ್ತಿಲ್ಲದವರು ಅದರಲ್ಲಿದ್ದರು. ಯಾರದೋ ಹೆಸರು, ಯಾರದೋ ಕೈ. ಪರದೆಯ ಮೇಲೆ ಹೆಸರು ಕಂಡ ಮಾತ್ರಕ್ಕೆ ಆ ಮನುಷ್ಯ ಅಲ್ಲಿದ್ದಾನೆ ಅನ್ನುವ ಹಾಗಿಲ್ಲ.

ಹೆಸರು ಕೀಳಲಾಗದಂತೆ ಅಂಟಿಕೊಂಡ ಜಾಗವೂ ನಮ್ಮ ಕಡೆ ಒಂದಿದೆ. ಜೇವರ್ಗಿಯಿಂದ ಭೀಮೆಯ ಹರಿವಿನ ಗುಂಟ ಕೆಳಗೆ ಹೋದರೆ ಸನ್ನತಿ ಸಿಗುತ್ತದೆ. ಪಕ್ಕದ ಕನಗನಹಳ್ಳಿಯ ಸ್ತೂಪದಲ್ಲಿ ರಾಣಿ, ಪರಿವಾರದ ಜೊತೆ ನಿಂತ ಒಬ್ಬ ರಾಜನ ಶಿಲ್ಪ ಇದೆ. ಬ್ರಾಹ್ಮಿಯಲ್ಲಿ 'ರಾಯೋ ಅಸೋಕೋ' ಎಂದು ಅಲ್ಲಿಯೇ ಕೆತ್ತಿದ್ದಾರೆ, ರಾಜ ಅಶೋಕ ಅಂತ. ಚಿತ್ರಕ್ಕೂ ಹೆಸರಿಗೂ ಒಂದೇ ಕಲ್ಲು. ಒಂದನ್ನು ಬಿಟ್ಟು ಇನ್ನೊಂದನ್ನು ಕಿತ್ತು ಬೇರೆಡೆ ಅಂಟಿಸಲು ಆಗದು. ಫೈಲಿನ ಹೆಸರು ಹಾಗಲ್ಲ, ಅದು ಕೊಬ್ಬರಿ ಚೀಲಕ್ಕೆ ಸಿಕ್ಕಿಸಿದ ಚೀಟಿ. ರಿನೇಮ್ ಅಂತ ಒತ್ತಿದರೆ ಚೀಟಿ ಬದಲು.

ಚೀಲದ ಮಾತು ಬಂದಾಗ ತೂಕವೂ ನೆನಪಾಗುತ್ತದೆ. ಹೊಸ ಸಿನಿಮಾ ಪುಕ್ಕಟೆ ಇಳಿಸುವ ಹುಡುಗರಿಗೆ ಇದು. ನಾಲ್ಕು ನಿಮಿಷದ ಹಾಡೇ ಸುಮಾರು 4 ಎಂಬಿ ತೂಗುತ್ತದೆ. ಎರಡೂವರೆ ತಾಸಿನ ಸಿನಿಮಾ 6 ಎಂಬಿ ಅಂತ ಬಂದರೆ ಅದು ಸಿನಿಮಾ ಅಲ್ಲ. ತುಂಬಿದ ತೊಗರಿ ಚೀಲ ಒಂದೇ ಕೈಯಲ್ಲಿ ಎದ್ದರೆ ಅಡತಿಯವನು ಸುಮ್ಮನೆ ಬಿಡುತ್ತಾನೆಯೇ? ಪುಟದಲ್ಲಿ ಐದು ಕಡೆ ಡೌನ್‌ಲೋಡ್ ಅಂತ ಹಸಿರು ಗುಂಡಿ ಇದ್ದರೆ ಐದನ್ನೂ ಬಿಟ್ಟು ಹೊರಗೆ ಬನ್ನಿ. ಕದ್ದ ಸಿನಿಮಾ ನೋಡಲು ಹೋಗಿ ನೀವೇ ಕಳುವಾದರೆ ಠಾಣೆಯಲ್ಲಿ ಏನಂತ ಬರೆಸುತ್ತೀರಿ?

ವಿಳಾಸದ ಪಕ್ಕದ ಬೀಗದ ಚಿತ್ರ ನೋಡಿ ನಂಬುವವರೂ ಇದ್ದಾರೆ. ಬೀಗ ಅಂದರೆ ದಾರಿಯಲ್ಲಿ ಲಕೋಟೆ ಯಾರೂ ಒಡೆದಿಲ್ಲ ಅಂತ. ಬರೆದವನು ಸಾಚಾ ಅಂತಲ್ಲ. ಬಿಟ್ ಡಾಟ್ ಎಲ್‌ವೈ ಎಂಬಂಥ ಗಿಡ್ಡ ಲಿಂಕುಗಳಲ್ಲಂತೂ ಜಿಲ್ಲೆಯೇ ಕಾಣುವುದಿಲ್ಲ. ಅದು ಬುರ್ಖಾ ಹಾಕಿದ ವಿಳಾಸ, ದುಡ್ಡಿನ ವಿಷಯದಲ್ಲಿ ಅದರ ಸಹವಾಸ ಬೇಡ.

ಆಳಂದದ ಮಾವನ ಕತೆ ಅರ್ಧಕ್ಕೆ ಬಿಟ್ಟೆ. ಅವರು ರಾತ್ರಿ ಹತ್ತಕ್ಕೆ ಬೀಗರ ಕಡೆಯ ಕಾರ್ಡು ಅಂತ ಒತ್ತಿದ್ದರು, ಕೇಳಿದ್ದಕ್ಕೆಲ್ಲ ಹೂಂ ಅಂದಿದ್ದರು. ಬೆಳಗ್ಗೆ ಖಾತೆಯಿಂದ ಎರಡು ಸಲ ದುಡ್ಡು ಹೋಗಿತ್ತು, ಕಬ್ಬಿನ ಬಿಲ್ಲಿನ ದುಡ್ಡು. ಎರಡು ದಿನ ಮನೆಯಲ್ಲಿ ಯಾರಿಗೂ ಹೇಳಲಿಲ್ಲ. ಓದಿದವನು ನಾನೇ ಮೋಸ ಹೋದೆನಲ್ಲ ಎಂಬ ನಾಚಿಕೆ. ಅವರ ದುಡ್ಡು ತಿಂದದ್ದು ಎಪಿಕೆ ಎಷ್ಟೋ, ಆ ಎರಡು ದಿನದ ಮೌನವೂ ಅಷ್ಟೇ. ದುಡ್ಡು ಒಂದು ಖಾತೆಯಿಂದ ಇನ್ನೊಂದಕ್ಕೆ ಜಿಗಿಯುವ ಮೊದಲ ಗಂಟೆಗಳಲ್ಲಿ ಹೇಳಿದರೆ ಅದನ್ನು ನಡುದಾರಿಯಲ್ಲಿ ತಡೆಯಲು ಸಾಧ್ಯವಿರುತ್ತದೆ. ಆಮೇಲೆ ಕಷ್ಟ.

ಕೇಳಲು ನಾಚಿಕೆ ಯಾಕೆ? ನಮ್ಮ ಅಜ್ಜಂದಿರ ಕಾಲಕ್ಕೆ ಈ ಭಾಗ ನಿಜಾಮನ ಸೀಮೆ, 1948ರ ತನಕ ಕಚೇರಿಯ ಭಾಷೆ ಉರ್ದು. ಕನ್ನಡ ಮಾತ್ರ ಬಲ್ಲ ಮನೆಗೆ ಕಾಗದ ಬಂದರೆ ಓದಬಲ್ಲವರ ಮನೆ ಹುಡುಕಿಕೊಂಡು ಹೋಗಿ ಓದಿಸುತ್ತಿದ್ದರು. ಅದರಲ್ಲಿ ನಾಚಿಕೆ ಇರಲಿಲ್ಲ. ನಮ್ಮ ಓಣಿಯ ಆ ಹುಡುಗ ಅವತ್ತು ಕಟ್ಟೆಗೆ ಬಂದು ಕೂತದ್ದೂ ಅದೇ ಕ್ರಮ. ಅವನು ಕೇಳಿದ, ಉಳಿದ. ಮಾವ ಕೇಳಲಿಲ್ಲ.

ಕೈತಪ್ಪಿ ಒತ್ತಿಬಿಟ್ಟಿದ್ದರೆ ಹೀಗೆ ಮಾಡಿ. ಮೊದಲು ಫೋನನ್ನು ಏರೋಪ್ಲೇನ್ ಮೋಡ್‌ಗೆ ಹಾಕಿ, ಇಂಟರ್‌ನೆಟ್ ನಿಲ್ಲಲಿ. ಮನೆಯ ಇನ್ನೊಂದು ಫೋನಿನಿಂದ ಬ್ಯಾಂಕಿಗೆ ತಿಳಿಸಿ ಖಾತೆ ತಡೆಯಿಸಿ, ಜೊತೆಗೇ ಸೈಬರ್ ಅಪರಾಧದ ಸಹಾಯವಾಣಿಗೆ ಕರೆ ಮಾಡಿ. ಬಂದ ಮೆಸೇಜು ಅಳಿಸಬೇಡಿ, ಅದೇ ಸಾಕ್ಷಿ. ನನ್ನ ನಂಬರಿನಿಂದ ಬರುವ ಯಾವುದನ್ನೂ ತೆರೆಯಬೇಡಿ ಅಂತ ಬೀಗರಿಗೆ ಬಾಯಿಂದ ಹೇಳಿ.

ಸಹಾಯವಾಣಿಯ ನಂಬರು 1930. ಪೆನ್ನು ಹುಡುಕುವವರಿಗಾಗಿ ಇನ್ನೊಮ್ಮೆ ಹೇಳುತ್ತೇನೆ: ಒಂದು, ಒಂಬತ್ತು, ಮೂರು, ಸೊನ್ನೆ. ಫೋನಿನಲ್ಲಿ ಇಟ್ಟುಕೊಳ್ಳಬೇಡಿ, ಆ ಹೊತ್ತಿಗೆ ಫೋನೇ ನಿಮ್ಮದಾಗಿರುವುದಿಲ್ಲ. ಅಡಿಗೆಮನೆಯ ಗೋಡೆಯ ಮೇಲೆ, ಕ್ಯಾಲೆಂಡರಿನ ಪಕ್ಕದಲ್ಲಿ, ಸೀಮೆಸುಣ್ಣದಿಂದ ದೊಡ್ಡದಾಗಿ ಬರೆದಿಡಿ.